ಬಿಚ್ಚುವ ಕ್ರಮ ಇಲ್ಲ

ಮೂಡುಬಿದಿರೆಯಲ್ಲಿ ನಡೆದ ಅವರ ನುಡಿನಮನ ಸಭೆಯಲ್ಲಿ ನನಗೆ ಹತ್ತು ನಿಮಿಷ ಕೊಟ್ಟಿದ್ದರು. ನಾನು ಒಂದೇ ವಾಕ್ಯ ಹೇಳಿ ವೇದಿಕೆಯಿಂದ ಇಳಿದೆ. "ಅವರ ಗಜಕೋಲು ಸರಿಯಾಗಿತ್ತು."

ಸಭೆ ಇನ್ನೂ ಏನೋ ಬರಲಿಕ್ಕುಂಟು ಎಂದು ಕಾಯಿತು. ಬರಲಿಲ್ಲ. ಸಂಘಟಕರು ನನ್ನನ್ನು ಮೆಟ್ಟಿಲ ಹತ್ತಿರವೇ ಹಿಡಿದರು.

"ಎಂತ ಮಾರಾಯ್ರೆ ಇದು? ಪ್ರತಿ ಶನಿವಾರ ಅವರ ಮಗ್ಗದ ಪಕ್ಕ ಕೂತವರು ನೀವು. ನಿಮ್ಮನ್ನು ನಂಬಿ ಬೇರೆ ಯಾರನ್ನೂ ಮಾತಿಗೆ ಹೇಳ್ಲಿಲ್ಲ."

"ಸಮಯ ಉಳಿಯಿತಲ್ಲ."

"ಉಳಿದ ಸಮಯ ಎಂತಕ್ಕೆ? ಚಾ ಇನ್ನೂ ಕುದಿಯಲಿಲ್ಲ!"

ಆ ದಿನ ಚಾದ ಮೊದಲೇ ಮುಗಿದುಹೋದ ಮಾತಿನ ಉಳಿದ ಭಾಗವನ್ನು ಇಲ್ಲಿ ಬರೆಯುತ್ತಿದ್ದೇನೆ. ಹೆಸರು ಬರೆಯುವುದಿಲ್ಲ. ಊರಿನವರು ಅವರನ್ನು ಮಗ್ಗದವರು ಎನ್ನುತ್ತಿದ್ದರು, ನನಗೂ ಅಷ್ಟು ಸಾಕು. ಹೆಸರು ಹಾಕಿದರೆ ಏನೂ ತಪ್ಪು ಮಾಡದ ಒಬ್ಬ ಹೆಣ್ಣುಮಗಳ ನೆಮ್ಮದಿ ಕೆಡುತ್ತದೆ.

ನಾನು ತೂಕ ಮತ್ತು ಅಳತೆಯ ಇಲಾಖೆಯಲ್ಲಿದ್ದವನು. ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಯ ಅಂಗಡಿ ಅಂಗಡಿಗೆ ಹೋಗಿ ತಕ್ಕಡಿ ವಾಲುತ್ತದಾ, ತೂಕದ ಕಲ್ಲಿನ ಅಡಿಯನ್ನು ಕೊರೆದಿದ್ದಾರಾ, ಕೊರೆದ ತೂತಿಗೆ ಮೇಣ ಮೆತ್ತಿದ್ದಾರಾ ಎಂದು ನೋಡಿ ಮೊಹರು ಒತ್ತುವುದು ನನ್ನ ಕೆಲಸ. ನಾನು ಕಾಲಿಟ್ಟ ಕೂಡಲೇ ಅಂಗಡಿಯವರ ಮುಖದಲ್ಲಿ ಹತ್ತಿರದ ನೆಂಟರು ತೀರಿಕೊಂಡ ಕಳೆ ಮೂಡುತ್ತಿತ್ತು. ಇಲಾಖೆ ನನಗೆ ಕೊಟ್ಟ ಗೌರವ ಇಷ್ಟೇ, ಆದರೆ ಅದಕ್ಕೆ ನಾನು ತಕ್ಕಮಟ್ಟಿಗೆ ಒಗ್ಗಿಹೋಗಿದ್ದೆ.

ತೋಡಾರಿನ ಮಗ್ಗದವರು ಮಾತ್ರ ನನ್ನನ್ನು ಕಂಡು ಹಿಗ್ಗಿದರು. ಕುಳಿಮಗ್ಗದ ಹೊಂಡದಲ್ಲಿ ಕಾಲು ಇಳಿಬಿಟ್ಟು ಕೂತಿದ್ದವರು ಅಲ್ಲಿಂದಲೇ ಕೈ ಬೀಸಿದರು.

"ಬನ್ನಿ, ಬನ್ನಿ. ಕೋಲನ್ನು ಅಳೆಯಿರಿ, ಮತ್ತೆ ಬೇಕಾದರೆ ನನ್ನನ್ನೂ ಅಳೆಯಿರಿ. ಆಮೇಲೆ ಗೋಳಿಬಜೆ ತಿನ್ನುವ."

ನನ್ನ ಹಿತ್ತಾಳೆಯ ಅಳತೆಪಟ್ಟಿಯನ್ನು ಅವರ ಗಜಕೋಲಿನ ಪಕ್ಕ ಇಟ್ಟೆ. ಕೂದಲೆಳೆಯ ವ್ಯತ್ಯಾಸ ಇರಲಿಲ್ಲ. ನನ್ನ ಸರ್ವೀಸಿನಲ್ಲಿ ಅಂಥದ್ದು ಇನ್ನೊಂದನ್ನು ಕಂಡದ್ದಿಲ್ಲ. ಕೋಲು ಸರಿ ಇದ್ದ ಮನುಷ್ಯನೂ ಸರಿ ಇರುತ್ತಾನೆ ಎಂದು ಇಲಾಖೆಯ ಯಾವ ನಿಯಮದಲ್ಲೂ ಇಲ್ಲ. ಆದರೂ ಕೋಲಿಗೆ ಒತ್ತಿದ ಮೊಹರನ್ನು ಮನಸ್ಸಿನಲ್ಲೇ ಆ ಮನುಷ್ಯನಿಗೂ ಒತ್ತಿಬಿಟ್ಟೆ.

ಇನ್ನು ಮಗ್ಗದ ವಿಷಯ. ಹೊರಗಿನವರು ನಗುತ್ತಾರೆ ಎಂದು ಗೊತ್ತಿದ್ದೇ ಹೇಳುತ್ತೇನೆ. ಸೀರೆ, ಪಂಚೆ, ಬೈರಾಸು ಎಲ್ಲ ಮಗ್ಗಗಳ ಹಾಗೆ ಆ ಮಗ್ಗದಲ್ಲೂ ಆಗುತ್ತಿತ್ತು. ಆದರೆ ಯಾರಾದರೂ ಬಂದು ಲಾಳಿಯನ್ನು ಒಮ್ಮೆ ಎರಡು ಅಂಗೈಗಳ ನಡುವೆ ಹಿಡಿದು ಕೊಟ್ಟರೆ, ಅದರೊಳಗಿನ ಬಿಳಿ ನೂಲು ನೇಯುತ್ತಾ ಹೋದ ಹಾಗೆ ಬಣ್ಣಕ್ಕೆ ತಿರುಗುತ್ತಿತ್ತು. ಹೀಗೆ ಆಗುವ ಗೇಣುದ್ದದ ಬಟ್ಟೆ ಲಾಳಿ ಹಿಡಿದವರ ಬಾಳು. ಬಣ್ಣ ಹಾಕುವ ಪಾತ್ರೆ ಆ ಮನೆಯಲ್ಲಿ ಇರಲಿಲ್ಲ, ನಾನು ಹುಡುಕಿದ್ದೇನೆ. ಹುಡುಕದೆ ನಂಬುವುದು ನನ್ನ ವೃತ್ತಿಗೆ ಅವಮಾನ.

ಲಾಳಿ ಹಿಡಿದವರು ಆಮೇಲೆ ಒಳಗೆ ಇರುವ ಹಾಗಿಲ್ಲ, ಜಗಲಿಯಲ್ಲಿ ಕಾಯಬೇಕು. ನನಗೊಬ್ಬನಿಗೆ ಮಗ್ಗದ ಪಕ್ಕ ಮರದ ಮಣೆ. ಪ್ರತಿ ಶನಿವಾರ ಸಂಜೆಯ ಬಸ್ಸಿಗೆ ಹೋಗಿ ನಾನು ಆ ಮಣೆಯಲ್ಲಿ ಆಸ್ಥಾನದ ಮಂತ್ರಿಯ ಹಾಗೆ ಕೂರುತ್ತಿದ್ದೆ. ಅವರು ಲಾಳಿಯನ್ನು ಗಲ್ಲಕ್ಕೆ ಒಮ್ಮೆ ಒತ್ತಿಕೊಂಡು ಎಸೆಯುತ್ತಿದ್ದರು. ತುಂಬ ದೊಡ್ಡ ಕಿವಿಗಳು, ಅವುಗಳ ಬಗ್ಗೆ ಅವರಿಗೆ ಹೆಮ್ಮೆ. ಬಟ್ಟೆ ಮುಗಿದ ಮೇಲೆ ತುಳಿಯುವ ಹಲಗೆಯಿಂದ ಕಾಲೆತ್ತಿ, ಮಾಡಿನ ಹಂಚನ್ನು ನೋಡಿ, ಗಂಟಲು ಸರಿಮಾಡಿ ತೀರ್ಪು ಹೇಳುವ ಗತ್ತು ನೋಡಿದರೆ ಹೈಕೋರ್ಟಿನವರು ಕಲಿಯಬೇಕು.

ಬೆಳ್ತಂಗಡಿ ಬಸ್ಸಿನ ಕಂಡಕ್ಟರನೊಬ್ಬನಿಗೆ ಒಂದೇ ಪಟ್ಟೆ ಅತ್ತ ಹೋಗಿ ಇತ್ತ ಬಂದು, ಮತ್ತೆ ಅತ್ತ ಹೋಗಿ ಇತ್ತ ಬಂದು ಗೇಣಿಡೀ ತುಂಬಿತು. "ಇದು ಎಂತ ಅಣ್ಣಾ?" ಎಂದ ಅವನು. "ಬಂಟ್ವಾಳದಿಂದ ಬೆಳ್ತಂಗಡಿ, ಬೆಳ್ತಂಗಡಿಯಿಂದ ಬಂಟ್ವಾಳ." "ಮತ್ತೆ ಆಮೇಲೆ?" "ಆಮೇಲೂ ಅದೇ. ನಡುವಲ್ಲಿ ಪುಂಜಾಲಕಟ್ಟೆಯಲ್ಲಿ ಚಾ." ಅವನು ಬಟ್ಟೆಯನ್ನು ಮಡಚಿ ಕಿಸೆಗೆ ಹಾಕಿಕೊಂಡು ಹೋದ. ಈಗಲೂ ಅದೇ ರೂಟು.

ಅವರಿಗೆ ಒಂದು ಮಾತಿತ್ತು. ಯಾರು ಏನು ಕೇಳಿದರೂ ಕೊನೆಗೆ ಅಲ್ಲಿಗೆ ಬಂದು ನಿಲ್ಲುತ್ತಿದ್ದರು. "ಬಿಚ್ಚುವ ಕ್ರಮ ಇಲ್ಲ." ನೇಯ್ದದ್ದು ನೇಯ್ದಾಯಿತು.

ಒಮ್ಮೆ ಮೂಡುಬಿದಿರೆಯ ದೊಡ್ಡ ಜೈನ ಮನೆತನದ ಯಜಮಾನರು ಕಾರಿನಲ್ಲಿ ಬಂದರು. ಅವರ ಬಟ್ಟೆಯಲ್ಲಿ ಅಂಚಿನಿಂದ ಒಂದು ಕಂದು ಎಳೆ ಒಳಗೆ ಬಂದು ನಟ್ಟನಡುವೆ ಚಕ್ಕಳಮಕ್ಕಳ ಹಾಕಿ ಕೂತುಬಿಟ್ಟಿತ್ತು.

"ಇದು ಯಾರು?" ಎಂದರು ಯಜಮಾನರು.

"ನಿಮ್ಮ ಅಳಿಯ."

"ಯಾವಾಗ ಎದ್ದು ಹೋಗ್ತಾನೆ?"

ಮಗ್ಗದವರು ಹಂಚು ನೋಡಿದರು. ಯಜಮಾನರಿಗೆ ಅರ್ಥವಾಯಿತು. ಅಷ್ಟು ದೊಡ್ಡ ಮನುಷ್ಯ ಕೈ ಮುಗಿದು ನಿಂತರು. "ಅದೊಂದು ಎಳೆ ತೆಗೆಯಿರಿ ಮಾರಾಯ್ರೆ. ಯಾರಿಗೆ ಗೊತ್ತಾಗ್ತದೆ?"

"ಎಲ್ಲರಿಗೂ ಗೊತ್ತಾಗ್ತದೆ ಧನಿಗಳೇ. ಬಿಚ್ಚಿ ಮತ್ತೆ ನೇಯ್ದರೆ ಬಟ್ಟೆಯಲ್ಲಿ ಸಣ್ಣ ಗೆರೆ ಉಳೀತದೆ, ಬೆಳಕಿಗೆ ಹಿಡಿದರೆ ಕಾಣ್ತದೆ. ಬಿಚ್ಚಿದ ನೂಲಿಗೆ ಸುಕ್ಕು ಉಳೀತದೆ, ಎಷ್ಟು ಎಳೆದರೂ ನೇರ ಆಗುವುದಿಲ್ಲ. ಆದರೆ ಪ್ರಶ್ನೆ ಅದಲ್ಲ. ಬಿಚ್ಚುವ ಕ್ರಮ ಇಲ್ಲ."

ಯಜಮಾನರು ಮತ್ತೂ ಎರಡು ಸಲ ಬಂದರು. ಎರಡು ಸಲವೂ ಅದೇ ಹಂಚು, ಅದೇ ಉತ್ತರ. ಅಳಿಯ ಬಂದು ಕೂತ, ಈಗಲೂ ಕೂತಿದ್ದಾನೆ. ನನಗೋ ಹೆಮ್ಮೆ ತಡೆಯಲಿಲ್ಲ. ಮೆಲ್ಕಾರಿನ ಹೋಟೆಲಿನಲ್ಲಿ, ಬಂಟ್ವಾಳದ ಪೇಟೆಯಲ್ಲಿ, ಕೇಳಿದವರಿಗೂ ಕೇಳದವರಿಗೂ ಹೇಳಿದೆ: ಬಡವನಿಗೂ ಧನಿಗೂ ಒಂದೇ ಕಲ್ಲು ಇಡುವ ಮನುಷ್ಯ ಈ ಸೀಮೆಯಲ್ಲಿ ಒಬ್ಬರಿದ್ದರೆ ಇವರು.

ಆಮೇಲೆ ನನ್ನ ಅಕ್ಕನ ಸರದಿ ಬಂತು.

ಅಮ್ಮ ಬೇಗ ಹೋದ್ದರಿಂದ ನನ್ನನ್ನು ಸಾಕಿದ್ದು ಅಕ್ಕ. ನನಗೆ ಕೆಲಸ ಸಿಕ್ಕಿದ ಮೇಲೆ, ಸ್ವಲ್ಪ ತಡವಾಗಿಯೇ, ಅವಳಿಗೆ ಪುಂಜಾಲಕಟ್ಟೆಯಿಂದ ಸಂಬಂಧ ಬಂತು. ಹಿಟ್ಟಿನ ಗಿರಣಿ ಇಟ್ಟಿದ್ದ, ಮಾತು ಕಮ್ಮಿಯ, ನಗುವಾಗ ಬಾಯಿಗೆ ಕೈ ಅಡ್ಡ ಹಿಡಿಯುವ ಮನುಷ್ಯ. ಅಕ್ಕನಿಗೆ ಮೆಚ್ಚಿಕೆಯಾಗಿತ್ತು. ಅವಳು ಹೇಳಲಿಲ್ಲ, ಆದರೆ ಆ ವಾರ ನಮ್ಮ ಮನೆಯಲ್ಲಿ ಎರಡು ಸಲ ಪಾಯಸವಾಯಿತು. ನಾನೇ ಉತ್ಸಾಹದಲ್ಲಿ ಹೇಳಿದೆ, "ಬಾ, ಮಗ್ಗದವರ ಹತ್ತಿರ ಹೋಗಿ ಬರುವ."

ಅವಳು ಲಾಳಿ ಹಿಡಿದು ಕೊಟ್ಟು ಜಗಲಿಗೆ ಹೋದಳು. ನಾನು ಮಣೆಯಲ್ಲಿ ಕೂತೆ. ಒಂದು ಎಳೆ ಕೆಂಪು, ಒಂದು ಎಳೆ ಹಸಿರು, ಮತ್ತೆ ಕೆಂಪು, ಮತ್ತೆ ಹಸಿರು. ಎರಡು ಬಣ್ಣ ಜೊತೆಯಲ್ಲಿ ಬರುವುದೆಂದರೆ ಜೋಡಿ ಬಾಳು ಎಂದು ಅಷ್ಟರಲ್ಲಿ ನನಗೂ ಗೊತ್ತಿತ್ತು. ಅರ್ಧ ಗೇಣು ಹಾಗೆ ಬಂತು. ಆಮೇಲೆ ಕೆಂಪು ನಿಂತಿತು. ಹಸಿರು, ಹಸಿರು, ಹಸಿರು. ಅಂಗಡಿಯಲ್ಲಿ ಸಿಗುವ ಹಸಿರಲ್ಲ ಅದು, ಬಾವಿಯ ಕಲ್ಲಿನ ಪಾಚಿಯ ಹಸಿರು. ಕೊನೆಯವರೆಗೂ ಅದೊಂದೇ.

ಅವರು ಕಾಲೆತ್ತಿದರು. ನಾನು ಅವರು ಹಂಚು ನೋಡುವ ಮೊದಲೇ ಕೇಳಿದೆ, "ಬಿಚ್ಚಿ. ಆ ಅರ್ಧ ಮಾತ್ರ. ನಿಮ್ಮ ಕಾಲು ಹಿಡೀತೇನೆ."

ಅವರು ನನ್ನ ಮುಖ ನೋಡಿದರು. ಮೆಲ್ಲಗೆ, ಮಕ್ಕಳಿಗೆ ಹೇಳುವ ಹಾಗೆ ಹೇಳಿದರು. "ನೀವೇ ಹೀಗೆ ಕೇಳಿದರೆ ಹೇಗೆ ಮಾರಾಯ್ರೆ? ನಿಮ್ಮ ಪೆಟ್ಟಿಗೆಯಲ್ಲಿ ಊರಿಗೆ ಒಂದು ಕಲ್ಲು, ನೆಂಟರಿಗೆ ಒಂದು ಕಲ್ಲು ಉಂಟಾ?"

ಇಲ್ಲ. ನನ್ನ ಪೆಟ್ಟಿಗೆಯಲ್ಲಿ ಹಾಗೆ ಇರಲಿಲ್ಲ. ನನ್ನದೇ ಕಲ್ಲನ್ನು ನನ್ನ ತಲೆಯ ಮೇಲೆ ಇಟ್ಟಿದ್ದರು, ಅದರ ತೂಕವೂ ಸರಿಯಾಗಿತ್ತು. ನಾನು ಎದ್ದೆ. ಕಣ್ಣಲ್ಲಿ ನೀರಿತ್ತು, ಆದರೆ ಅದರ ಜೊತೆ ಒಂದು ಬಗೆಯ ಗೌರವವೂ ಇತ್ತು. ಬಟ್ಟೆಯನ್ನು ಜಗಲಿಯಲ್ಲಿದ್ದ ಅಕ್ಕನ ಕೈಗೆ ಕೊಟ್ಟೆ. ಆ ಬಟ್ಟೆಯ ಸಂಗತಿ ನಾವು ಮೂವರಲ್ಲದೆ ಇನ್ನೊಬ್ಬರಿಗೆ ಗೊತ್ತಿರಲಿಲ್ಲ. ಆದರೂ ಸ್ವಲ್ಪ ದಿನದಲ್ಲಿ ಪುಂಜಾಲಕಟ್ಟೆಯಿಂದ ದಲ್ಲಾಳಿ ಬಂದು, ಒಂದು ಲೋಟ ನೀರು ಕುಡಿದು, "ಅವರಿಗೆ ಈಗ ಮನಸ್ಸಿಲ್ಲವಂತೆ" ಎಂದು ಹೇಳಿ ಹೋದ. ಕಾರಣ ಹೇಳಲಿಲ್ಲ. ಅಕ್ಕ ಲೋಟ ತೊಳೆದು ಕವುಚಿಟ್ಟಳು.

"ಬಿಚ್ಚುವ ಕ್ರಮ ಇಲ್ಲವಂತೆ ಅಕ್ಕಾ," ಎಂದೆ.

"ಇಲ್ಲದಿದ್ದರೆ ಇಲ್ಲ," ಎಂದಳು. ಆ ಮೇಲೆ ಬಂದ ಯಾವ ಸಂಬಂಧಕ್ಕೂ ಅವಳು ಹೂಂ ಎನ್ನಲಿಲ್ಲ. ಅವಳದಾಗದೆ ನನ್ನದು ಯಾಕೆ ಎಂದು ನಾನು ಮುಂದೂಡಿದೆ. ಸ್ವಲ್ಪ ಕಾಲದಲ್ಲಿ ಕೇಳುವವರೂ ನಿಂತರು. ಹೀಗೆ ಒಂದು ಗೇಣು ಬಟ್ಟೆಯಲ್ಲಿ ಇಬ್ಬರಿಗೆ ಅಂಗಿ ಹೊಲಿದ ಹಾಗಾಯಿತು. ಶನಿವಾರಗಳು ಮಾತ್ರ ತಪ್ಪಲಿಲ್ಲ. ಅವರ ಮೇಲೆ ಸಿಟ್ಟು ಮಾಡಲು ಕಾರಣ ಬೇಕಲ್ಲ? ಕ್ರಮದ ಮೇಲೆ ಸಿಟ್ಟು ಮಾಡುವುದು ಹೇಗೆ?

ನನ್ನ ನಿವೃತ್ತಿಯಾದ ಮರುವರ್ಷ ಅವರ ಮಗಳ ಮದುವೆ. ತಾಯಿಯಿಲ್ಲದ ಹುಡುಗಿ, ನನ್ನ ಮಣೆಯ ಪಕ್ಕದಲ್ಲೇ ಆಡಿ ಬೆಳೆದವಳು. ಗಂಡು ಮೆಲ್ಕಾರಿನವ. ಮದುವೆಯ ಮೊದಲಿನ ಒಂದು ಶನಿವಾರ ಅವರೇ ಫೋನು ಮಾಡಿದರು. "ಈ ವಾರ ಬರಬೇಡಿ, ಗಡಿಬಿಡಿ ಉಂಟು." ಮದುವೆ ಮನೆಯ ಗಡಿಬಿಡಿ ಎಂದು ನಾನು ಮನೆಯಲ್ಲಿ ಕೂತು ತೂಕದ ಕಲ್ಲುಗಳನ್ನು ಉಜ್ಜಿದೆ. ನಿವೃತ್ತಿಯ ದಿನ ಇಲಾಖೆಯವರು ಹಳೆಯದೊಂದು ಪೆಟ್ಟಿಗೆಯನ್ನು ನೆನಪಿಗೆಂದು ಕೊಟ್ಟಿದ್ದರು. ಅದು ನಮ್ಮ ಚಾವಡಿಯಲ್ಲಿ ಉತ್ಸವಮೂರ್ತಿಯ ಹಾಗೆ ಇತ್ತು.

ಮದುವೆಯಲ್ಲಿ ಮಗಳ ಬಟ್ಟೆಯನ್ನು ಎಲ್ಲರಿಗೂ ತೋರಿಸಿದರು. ಕೆಂಪು, ಹಸಿರು, ಕೆಂಪು, ಹಸಿರು, ಕೊನೆಯವರೆಗೂ ಜೊತೆಜೊತೆ. "ಪುಣ್ಯ ಮಾಡಿದ್ದಾಳೆ," ಎಂದರು ಹೆಂಗಸರು. ನಾನೂ ಮನಸಾರೆ ಹಾಗೆಯೇ ಅಂದುಕೊಂಡು ಪಂಕ್ತಿಯಲ್ಲಿ ಸಾರು ಬಡಿಸಿದೆ. ಹೊರಡುವಾಗ ಮಗ್ಗದವರು ನನ್ನ ಕೈಗೆ ಒಂದು ಪೊಟ್ಟಣ ಕೊಟ್ಟರು. ನೇಕಾರರು ನೂಲು ಬಿಸಾಡುವುದಿಲ್ಲ, ಅದು ಅವರ ಕೈಯಿಂದ ಆಗುವ ಕೆಲಸವೇ ಅಲ್ಲ.

"ಉಳಿಕೆ ನೂಲು. ಅಕ್ಕನಿಗೆ ಕೊಡಿ, ಕ್ರೋಶಾ ಹಾಕ್ತಾರಲ್ಲ, ಏನಾದರೂ ಹೆಣೆಯಲಿ."

ಅಕ್ಕ ಹೆಣೆದಳು. ನನ್ನ ಪೆಟ್ಟಿಗೆಗೊಂದು ಹೊದಿಕೆ, ಪೂರ್ತಿ ಹಸಿರು. ಒಂದು ಬದಿ ಸ್ವಲ್ಪ ಗಿಡ್ಡವಾಗಿತ್ತು. "ಅಳತೆಯವನ ಮನೆಯಲ್ಲೇ ಅಳತೆ ತಪ್ಪಿತಲ್ಲ ಅಕ್ಕಾ," ಎಂದು ನಾನು ತಮಾಷೆ ಮಾಡಿದೆ. ದಿನಾ ಬೆಳಿಗ್ಗೆ ಆ ಗಿಡ್ಡ ಬದಿಯನ್ನು ಎಳೆದು ಸರಿಮಾಡುವುದು ನನಗೊಂದು ಅಭ್ಯಾಸವಾಯಿತು.

ಮೊನ್ನೆ ಮೊನ್ನೆಯ ಸಂಗತಿ ಇನ್ನು. ರಸ್ತೆ ಅಗಲ ಮಾಡುವವರು ತೋಡಾರಿನಲ್ಲಿ ಅವರ ಮನೆಯ ಗೋಡೆಗೆ ಬಣ್ಣದಲ್ಲಿ ಗುರುತು ಹಾಕಿ ಹೋದರು. ಮಗ್ಗ ಬಿಚ್ಚಲೇಬೇಕಾಯಿತು. ಅದಕ್ಕೂ ಕ್ರಮ ಇಲ್ಲವಾ ಎಂದು ಕೇಳಿದರೆ ಅವರು ನಗಲಿಲ್ಲ. ಆಗಲೇ ದೇಹ ಇಳಿದುಹೋಗಿತ್ತು, ಕಿವಿಗಳು ಮಾತ್ರ ಮೊದಲಿನಷ್ಟೇ ಇದ್ದವು. ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತು, ಯಾವ ಮರ ಮೊದಲು, ಯಾವುದು ಆಮೇಲೆ ಎಂದು ಬಡಗಿಗೆ ಹೇಳುತ್ತಿದ್ದರು. ಮೆಲ್ಕಾರಿನಿಂದ ಮಗಳು ಬಂದಿದ್ದಳು. ಗಂಡ, ಮಕ್ಕಳು, ಎಲ್ಲ ಸುಖವಾಗಿದ್ದಾಳೆ.

"ಮಾವಾ, ಇದಕ್ಕೆ ಫ್ರೇಮು ಹಾಕಿಸ್ಬೇಕು ಅಂತ ಉಂಟು," ಎಂದು ತನ್ನ ಬಟ್ಟೆಯನ್ನು ನನ್ನ ಕೈಗೆ ಕೊಟ್ಟಳು. "ಅಳತೆ ತೆಗೆದು ಕೊಡ್ತೀರಾ? ನಿಮ್ಮಷ್ಟು ಸರಿ ಯಾರು ತೆಗೀತಾರೆ?"

ನಾನು ಬಟ್ಟೆಯನ್ನು ಬಿಡಿಸಿದೆ. ಮಾಡಿನ ಹಂಚು ಆಗಲೇ ಅರ್ಧ ಇಳಿಸಿದ್ದರು, ಬಿಸಿಲು ಧಾರಾಳವಾಗಿ ಒಳಗೆ ಬೀಳುತ್ತಿತ್ತು. ಬಟ್ಟೆಯ ನಟ್ಟನಡುವೆ ಅಡ್ಡಕ್ಕೆ ಒಂದು ಗೆರೆ. ಕೂದಲಿನಷ್ಟು ಸಣ್ಣದು. ಅದರ ಮೂಲಕ ಬೆಳಕು ಈಚೆ ಬರುತ್ತಿತ್ತು.

ಕಲ್ಲಿನ ಅಡಿಗೆ ಮೆತ್ತಿದ ಮೇಣವನ್ನು ಜೀವಮಾನವಿಡೀ ಹುಡುಕಿದ ಕಣ್ಣು ಇದು. ನೋಡಬೇಡ ಎಂದರೂ ನೋಡುತ್ತದೆ. ಅರ್ಧ ಗೇಣು. ಅಕ್ಕನ ಬಟ್ಟೆಯಲ್ಲಿ ಕೆಂಪು ನಿಂತ ಜಾಗವೇ.

ಅಳತೆ ಹೇಳಿ, ಬಟ್ಟೆ ಮಡಚಿ ಕೊಟ್ಟೆ. ಅವಳು ಚಾ ತರಲು ಹೋದಾಗ ಕುರ್ಚಿಯ ಹತ್ತಿರ ಹೋಗಿ ನಿಂತೆ.

"ಬಿಚ್ಚಿದ್ದೀರಿ," ಎಂದೆ.

ಅವರು ಅಭ್ಯಾಸಬಲದಿಂದ ಮೇಲೆ ನೋಡಿದರು. ಅಲ್ಲಿ ಹಂಚು ಇರಲಿಲ್ಲ.

"ಹೌದು," ಎಂದರು. "ಅವಳದ್ದೂ ಹಾಗೆಯೇ ಬಂತು. ಅರ್ಧದಿಂದ ಬರೀ ಹಸಿರು. ಬಿಚ್ಚಿದೆ. ಮತ್ತೆ ನೇಯ್ದೆ, ಮತ್ತೆ ಹಸಿರು. ಮತ್ತೆ ಬಿಚ್ಚಿದೆ. ಕೆಂಪು ಬರುವವರೆಗೆ ಬಿಚ್ಚಿದೆ. ಮಗಳಲ್ಲವಾ?"

"ನನಗೆ ಅಕ್ಕ ಅಲ್ಲವಾ?"

ಬಡಗಿ ಹಲಗೆಯ ಮೊಳೆ ಕೀಳುವ ಸದ್ದು. ಆಮೇಲೆ ಅವರು ಹೇಳಿದ ಮಾತನ್ನು ನಾನು ಇನ್ನೂ ಹೊತ್ತುಕೊಂಡು ತಿರುಗುತ್ತಿದ್ದೇನೆ.

"ನೀವು ಒಂದೇ ಸಲ ಕೇಳಿದ್ದಲ್ಲವಾ ಮಾರಾಯ್ರೆ. ಮತ್ತೆ ಬರ್ತೀರಿ ಅಂತ ಗ್ರಹಿಸಿದ್ದೆ. ಬಂದಿದ್ದರೆ ಬಿಚ್ಚುತ್ತಿದ್ದೆನೋ ಏನೋ. ನೀವು ಸರಿ ಅಂತ ಒಪ್ಪಿಕೊಂಡು ಹೋದಿರಿ."

"ಯಜಮಾನರು ಮೂರು ಸಲ ಬಂದಿದ್ದರು."

"ಅವರು ಧನಿಗಳು. ನೀವು ಸ್ನೇಹಿತರು."

"ಮಗಳು ಎಷ್ಟು ಸಲ ಕೇಳಿದಳು?"

ಅವರು ಕಣ್ಣು ಕೆಳಗೆ ಮಾಡಿದರು. "ಅವಳು ಕೇಳಲಿಲ್ಲ. ಅವಳಿಗೆ ಗೊತ್ತೇ ಇಲ್ಲ. ಹೇಳಬೇಡಿ."

ಅಷ್ಟರಲ್ಲಿ ಅವಳು ಚಾ ತಂದಳು. ನಾನು ಕುಡಿದೆ. ಸಕ್ಕರೆ ಸರಿಯಾಗಿತ್ತು. ಹಾಗೆ ಹೊರಟು ಬಂದವನು ಮತ್ತೆ ಅವರನ್ನು ನೋಡಲಿಲ್ಲ. ಮಗಳ ಮನೆಗೆ ಹೋದರು, ಅಲ್ಲಿಂದ ಫೋನು ಮಾಡಿದರು. ಫೋನು ಬಡಿದು ಸುಮ್ಮನಾಗುತ್ತಿತ್ತು. ಮಳೆಗಾಲ ಮುಗಿಯುವ ಮೊದಲು ತೀರಿಕೊಂಡರು. ಮಗ್ಗದ ಮರಗಳು ಈಗ ಮಗಳ ಫ್ಲ್ಯಾಟಿನ ಕೆಳಗೆ, ಕಾರುಗಳ ಪಕ್ಕ, ಪ್ಲಾಸ್ಟಿಕ್ ಹೊದ್ದು ಮಲಗಿವೆ.

ಮಗಳಿಗಾಗಿ ಬಿಚ್ಚಿದ್ದನ್ನು ನಾನು ತಪ್ಪೆನ್ನುವುದಿಲ್ಲ. ಯಾವ ಅಪ್ಪನಾದರೂ ಬಿಚ್ಚಿಯಾನು. ಆದರೆ ಅವರು ನನ್ನ ತಲೆಯ ಮೇಲೆ ಇಟ್ಟ ಕಲ್ಲು ಇದೆಯಲ್ಲ, ಊರಿಗೊಂದು ನೆಂಟರಿಗೊಂದು ಉಂಟಾ ಎಂದು ಇಟ್ಟದ್ದು, ಅದರ ಅಡಿ ಟೊಳ್ಳಾಗಿತ್ತು. ಅಷ್ಟು ವರ್ಷ ಅದನ್ನು ಹೊತ್ತು, ತೂಕ ಸರಿ ಉಂಟು ಎಂದು ಊರಿಗೆಲ್ಲ ಸಾರಿದವನು ನಾನು. ಮೊಹರು ನನ್ನದು.

ಮಗ್ಗ ಬಿಚ್ಚಿದ ಆ ದಿನ ತೋಡಾರಿನಿಂದ ಮನೆಗೆ ಬಂದವನು ಚಪ್ಪಲಿಯನ್ನೂ ಕಳಚದೆ ಅಕ್ಕನಿಗೆ ಎಲ್ಲವನ್ನೂ ಹೇಳಿದೆ. ನನ್ನ ದನಿ ಏರಿತ್ತು. ಅವಳು ಅವರೆಕಾಳು ಬಿಡಿಸುತ್ತಿದ್ದಳು. ಮುಗಿಯುವವರೆಗೆ ಕೇಳಿದಳು, ಸೆರಗಿಗೆ ಕೈ ಒರೆಸಿಕೊಂಡು ಒಳಗೆ ಹೋದಳು, ಹೊಲಿಗೆಯ ಡಬ್ಬಿ ತಂದಳು. ಅದರ ತಳದಿಂದ ಪುಟ್ಟದೊಂದು ಹಸಿರು ಉಂಡೆ ತೆಗೆದಳು. ಹೊದಿಕೆ ಹೆಣೆದು ಉಳಿದ ನೂಲು. ತುದಿ ಹಿಡಿದು ಎಳೆದಳು. ನೂಲು ನೇರ ಬರಲಿಲ್ಲ. ಸಣ್ಣ ಸಣ್ಣ ಅಲೆಯಾಗಿ ಬಂತು.

"ಹೊಸ ನೂಲು ಹೀಗಿರ್ತದಾ?" ಎಂದಳು.

"ನಿನಗೆ ಯಾವಾಗ ಗೊತ್ತಾಯಿತು?"

"ನೀನು ಪೊಟ್ಟಣ ತಂದು ಕೊಟ್ಟ ದಿನವೇ. ಕೈಗೆ ತಗೊಂಡ ಕೂಡಲೇ. ಆ ಹಸಿರನ್ನು ನಾನು ಮರೀಲಿಕ್ಕುಂಟಾ?"

ಮಗಳ ಬಾಳಿನಿಂದ ಕಿತ್ತ ಒಂಟಿತನವನ್ನು ಎಲ್ಲಿ ಹಾಕುವುದೆಂದು ಅವರಿಗೆ ತಿಳಿಯಲಿಲ್ಲವೇನೋ. ಬಿಸಾಡಲು ಕೈ ಬರಲಿಲ್ಲ. ಅದು ಆಗಲೇ ಇದ್ದ ಮನೆಗೆ ಕಳಿಸಿದರು, ನನ್ನ ಕೈಯಲ್ಲೇ. ನಾನು ಅದನ್ನು ಬಸ್ಸಿನಲ್ಲಿ ಮಡಿಲಲ್ಲಿಟ್ಟುಕೊಂಡು ಜೋಪಾನವಾಗಿ ತಂದಿದ್ದೆ.

"ನನಗೆ ಯಾಕೆ ಹೇಳಲಿಲ್ಲ?"

"ನಿವೃತ್ತಿಯಾಗಿ ಮನೆಯಲ್ಲಿ ಕೂತು ಕಲ್ಲು ಉಜ್ಜುತ್ತಿದ್ದೆ ನೀನು. ಇದ್ದದ್ದು ಒಂದು ಶನಿವಾರ. ಅದನ್ನೂ ನಾನು ಬಿಚ್ಚಿ ಹಾಕುವುದಾ?"

"ನಿನಗೆ ಸಿಟ್ಟು ಬರಲಿಲ್ಲವಾ ಅಕ್ಕಾ?"

"ಬಾರದೆ? ಬಂತು." ಅವಳು ಪೆಟ್ಟಿಗೆಯ ಕಡೆ ಗದ್ದ ಎತ್ತಿ ತೋರಿಸಿದಳು. "ಹೆಣೆಯುವಾಗ ಕೈ ಬಿಗಿಯಾಯಿತು. ಅದಕ್ಕೇ ಆ ಬದಿ ಗಿಡ್ಡ."

ಹೇಳಿ ಮತ್ತೆ ಅವರೆಕಾಳು ಬಿಡಿಸಲು ಕೂತಳು.

ನುಡಿನಮನಕ್ಕೆ ಹೊರಟಾಗ ಬಾಗಿಲವರೆಗೆ ಬಂದಳು. "ಸುಳ್ಳು ಹೇಳಬೇಡ. ಇದ್ದದ್ದನ್ನೂ ಹೇಳಬೇಡ. ಆ ಹುಡುಗಿ ಎದುರಿಗೆ ಕೂತಿರ್ತಾಳೆ." ಹೌದು, ಮೊದಲ ಸಾಲಿನಲ್ಲೇ ಕೂತಿದ್ದಳು, ಗಂಡ ಪಕ್ಕದಲ್ಲಿದ್ದ. ಸುಳ್ಳೂ ಅಲ್ಲದ, ಇದ್ದದ್ದೂ ಅಲ್ಲದ ಮಾತನ್ನು ಹುಡುಕಿದರೆ ನನಗೆ ಸಿಕ್ಕಿದ್ದು ಗಜಕೋಲು ಒಂದೇ.

ಹೊದಿಕೆ ಈಗಲೂ ಪೆಟ್ಟಿಗೆಯ ಮೇಲೆ ಉಂಟು. ಆ ಗಿಡ್ಡ ಬದಿಯನ್ನು ನಾನು ಎಳೆದು ಸರಿಮಾಡುವುದಿಲ್ಲ.